ನೇತುಬಿದ್ದ ಜೀಯಸ್

ಲಾಂಪೋನ್: ಇಳಿಸಲ್ಲ ಅಂದ್ಮೇಲೆ ಇಳಿಸಲ್ಲ. ನನ್ನ ತಂಗೀನ ಮದುವೆ ಆಗ್ತೀನಿ ಅಂತ ಬಾಯಿಬಿಟ್ಟು ಹೇಳು, ಆಮೇಲೆ ನೋಡೋಣ.

ಫೈದಿಮೋಸ್: ಚಳಿ ಕಣೋ. ಮೊದಲು ಇಳಿಸು, ಕೂತ್ಕೊಂಡು ಮಾತಾಡೋಣ.

ಲಾಂಪೋನ್: ಹೋದ ವರ್ಷ ಕೂತ್ಕೊಂಡೇ ಮಾತಾಡಿದ್ದು. ಕೂತು, ತಿಂದು, ಕುಡಿದು, ಬಾಯಿ ಒರೆಸ್ಕೊಂಡು ಹೋದವನು ಈಗ ಮುಖ ತೋರಿಸ್ತಿದೀಯ.

ಥೋರಿಕೋಸ್ ಊರಿನ ಬಯಲು ರಂಗಸ್ಥಳದಲ್ಲಿ ಆಗ ಇವರಿಬ್ಬರೇ ಇದ್ದರು. ಮಾರನೆಯ ದಿನ ಡಯೋನಿಸಸ್ ದೇವರ ಹಬ್ಬ, ನಾಟಕ. ನಾಟಕದ ಕೊನೆಗೆ ದೇವರುಗಳನ್ನು ಆಕಾಶದಿಂದ ಇಳಿಸುವ ಮರದ ಏತ ಲಾಂಪೋನನ ವಶದಲ್ಲಿತ್ತು. ಹಗ್ಗ ಹಿಡಿದವನು ತಾನೇ ಆದ್ದರಿಂದ ಅವನಿಗೆ ದೇವರೆಂದರೆ ಅಂಥ ಭಯವೇನೂ ಇರಲಿಲ್ಲ. ಎಂಥ ದೊಡ್ಡ ದೇವರೂ ಸೊಂಟಕ್ಕೆ ಕೊಕ್ಕೆ ಸಿಕ್ಕಿಸುವಾಗ ‘ಮೆಲ್ಲಗೆ ಕಣಪ್ಪ’ ಎಂದು ಗೋಗರೆಯುವುದನ್ನು ಅವನು ಕಣ್ಣಾರೆ ಕಂಡವನು. ಬೆಳಿಗ್ಗೆ ತಾಲೀಮಿಗೆಂದು ದೇವತೆಗಳ ದೊರೆ ಜೀಯಸ್‌ನ ಪಾತ್ರದ ಫೈದಿಮೋಸನನ್ನು ಮೇಲಕ್ಕೆತ್ತಿದ್ದ. ಕವಿಯೂ ಮೇಳದವರೂ ಊಟಕ್ಕೆ ಹೋದದ್ದೇ ತಡ, ಹಗ್ಗವನ್ನು ಗೂಟಕ್ಕೆ ಬಿಗಿದು ಕೆಳಗೆ ಕೂತು ಆಲಿವ್ ತಿನ್ನತೊಡಗಿದ.

ಮೇಲೆ ಸಮುದ್ರದ ಗಾಳಿಗೆ ಜೀಯಸ್ ಒಮ್ಮೆ ಊರಿನ ಕಡೆಗೂ ಒಮ್ಮೆ ಬೆಟ್ಟದ ಕಡೆಗೂ ತಿರುಗುತ್ತಿದ್ದ. ಗಡ್ಡದ ದೊಡ್ಡ ಮುಖವಾಡವನ್ನು ನೆತ್ತಿಗೆ ಸರಿಸಿಕೊಂಡಿದ್ದರಿಂದ ಕೆಳಗಿನಿಂದ ನೋಡಿದರೆ ಎರಡು ತಲೆ. ಮಾತಾಡುತ್ತಿದ್ದುದು ಕೆಳಗಿನ ಸಣ್ಣ ತಲೆ.

ಫೈದಿಮೋಸ್: ನೋಡು ಭಾವ...

ಲಾಂಪೋನ್: ಯಾರಿಗೋ ಭಾವ? ಇನ್ನೊಂದು ಸಲ ಅನ್ನು, ಹಗ್ಗ ಬಿಚ್ಚಿ ಮನೆಗೆ ಹೋಗ್ತೀನಿ.

ಫೈದಿಮೋಸ್: ನೀನೇ ತಾನೆ ಮದುವೆ ಆಗು ಅಂತಿದ್ದೀಯ? ಆದ್ರೆ ಭಾವ ತಾನೆ?

ಲಾಂಪೋನ್: ಆದ್ಮೇಲೆ ಕರಿ. ಈ ಜೀಯಸ್ ಬುದ್ಧಿ ನನಗೆ ಗೊತ್ತಿಲ್ವಾ? ಯೂರೋಪಾ ಹತ್ರ ಗೂಳಿಯಾಗಿ ಬಂದ. ಲೀಡಾ ಹತ್ರ ಹಂಸ ಆಗಿ ಬಂದ. ಡನಾಯೆ ಅನ್ನೋ ಹುಡುಗೀನ ಅವರಪ್ಪ ಕೋಣೇಲಿ ಕೂಡಿಹಾಕಿದ್ರೆ ಸೂರಿನ ಸಂದೀಲಿ ಚಿನ್ನದ ಮಳೆಯಾಗಿ ಸುರಿದ. ಏನೇನೋ ಆಗಿ ಬಂದ, ಅಳಿಯ ಆಗಿ ಮಾತ್ರ ಯಾರ ಮನೆಗೂ ಬರಲಿಲ್ಲ.

ಫೈದಿಮೋಸ್: ಅದಕ್ಕೆ ನಾನೇನು ಮಾಡ್ಲಿ? ನಾನು ವೇಷ ಹಾಕ್ದೋನು.

ಲಾಂಪೋನ್: ವೇಷ ಒಂದೇ ಅಲ್ಲ, ಚಾಳಿನೂ ಹಾಕ್ಕೊಂಡಿದ್ದೀಯ.

ಫೈದಿಮೋಸ್ ತನ್ನ ಕಷ್ಟಗಳನ್ನೆಲ್ಲ ತೋಡಿಕೊಂಡ. ನಟನ ಬದುಕೆಂದರೆ ಊರೂರು ಅಲೆಯುವುದು, ಹೆಂಡತಿಯನ್ನು ಎಲ್ಲಿ ಕೂರಿಸಲಿ ಎಂದ. ಹಬ್ಬದ ಸಡಗರದಲ್ಲಿ ಏನೋ ಆಗಿಹೋಯಿತು, ಹೆಣ್ಣುಗಳು ತನ್ನ ಕಂಡರೆ ಯಾಕೋ ಹೀಗೇ, ಅದು ತನ್ನ ತಪ್ಪಲ್ಲ ಎಂದೂ ಸೇರಿಸಿದ. ಈ ಕೊನೆಯ ಮಾತನ್ನು ಹೇಳುವಾಗ ಚಳಿಯಲ್ಲೂ ಅವನ ಎದೆ ಸ್ವಲ್ಪ ಉಬ್ಬಿತು. ಅದನ್ನು ಕಂಡು ಲಾಂಪೋನನಿಗೆ ಮೈಯೆಲ್ಲ ಉರಿಯಿತು. ವಿಧವೆಯಾಗಿ ಮನೆಗೆ ಮರಳಿದ ತಂಗಿಗೆ ಇನ್ನೊಂದು ನೆಲೆ ಸಿಗುತ್ತದೆಂದು ಅವನು ಎಷ್ಟು ಆಸೆಪಟ್ಟಿದ್ದ. ಈಗ ಊರೆಲ್ಲ ಅವಳನ್ನು ನಟ ಕೈಬಿಟ್ಟವಳೆಂದು ಮರುಗುತ್ತಿತ್ತು. ಕೇಳಲು ಒಬ್ಬ ಗಂಡೂ ಬಂದಿರಲಿಲ್ಲ. ಊರಿಗೆಲ್ಲ ಸುದ್ದಿ ಹಬ್ಬಿಸಿದವನು ತಾನೇ ಎಂಬುದು ಮಾತ್ರ ಅವನಿಗೆ ಹೊಳೆದಿರಲಿಲ್ಲ.

ಅಷ್ಟರಲ್ಲಿ ತಂಗಿ ಮೆಲಿತ್ತಾ ಬಂದಳು. ಮೇಳದವರ ತಲೆಗೆ ಮುಡಿಸುವ ಬಳ್ಳಿಯ ಹಾರಗಳು ಅವಳ ತೋಳಿನ ತುಂಬ ಇದ್ದವು.

ಮೆಲಿತ್ತಾ: ಇವನು ಯಾಕೆ ಇನ್ನೂ ಮೇಲಿದ್ದಾನೆ?

ಲಾಂಪೋನ್: ಒಪ್ಕೊಳ್ಳೋವರೆಗೂ ಅಲ್ಲೇ. ನೀನು ಅಳಬೇಡ, ಇವತ್ತು ಇತ್ಯರ್ಥ ಆಗತ್ತೆ.

ಮೆಲಿತ್ತಾ: ನಾನೆಲ್ಲಿ ಅಳ್ತಿದ್ದೀನಿ? ಏನು ಒಪ್ಕೋಬೇಕು?

ಲಾಂಪೋನ್: ನಿನ್ನ ಕೈಬಿಟ್ಟು ಹೋದದ್ದನ್ನ.

ಮೆಲಿತ್ತಾ ಹಾರಗಳನ್ನು ಕಲ್ಲಿನ ಮೆಟ್ಟಿಲ ಮೇಲಿಟ್ಟು ತಲೆಯೆತ್ತಿ ನೋಡಿದಳು. ಜೀಯಸ್ ಬೆಟ್ಟದ ಕಡೆ ತಿರುಗಲು ಯತ್ನಿಸಿದ. ಗಾಳಿ ಅವನನ್ನು ಮತ್ತೆ ಇತ್ತಲೇ ತಂದಿತು.

ಮೆಲಿತ್ತಾ: ಒಪ್ಕೊಂಡ್ನಾ?

ಲಾಂಪೋನ್: ಕೈಬಿಟ್ಟೆ ಅಂತ ಒಪ್ಕೊಂಡ. ಮದುವೆಗೆ ಒಪ್ತಿಲ್ಲ.

ಮೆಲಿತ್ತಾ: ಭೇಷ್. ಫೈದಿಮೋಸ್, ನಮ್ಮ ಬಾಗಿಲಿಗೆ ಸೇಬುಹಣ್ಣು ಹಿಡ್ಕೊಂಡು ಬಂದು ‘ನನ್ನ ಮದುವೆ ಆಗು’ ಅಂದೋರು ಯಾರು?

ಮೇಲಿನಿಂದ ಏನೋ ಕೇಳಿಸಿತು.

ಮೆಲಿತ್ತಾ: ಜೋರಾಗಿ ಹೇಳು.

ಫೈದಿಮೋಸ್: ನಾನು.

ಮೆಲಿತ್ತಾ: ‘ಬೇಡ, ಹೋಗು’ ಅಂದೋರು?

ಫೈದಿಮೋಸ್: ನೀನು.

ಲಾಂಪೋನನ ಬಾಯಿಯ ಆಲಿವ್ ಬೀಜ ಬಾಯಲ್ಲೇ ಉಳಿಯಿತು.

ಲಾಂಪೋನ್: ಹಾಗಾದ್ರೆ ನನಗ್ಯಾಕೆ ಹೇಳಲಿಲ್ಲ ನೀನು?

ಮೆಲಿತ್ತಾ: ನೀನು ಕೇಳಿದ್ದು ‘ಯಾವಾಗ ಬರ್ತಾನೆ’ ಅಂತ. ‘ಬರಲ್ಲ’ ಅಂದೆ. ಮಿಕ್ಕಿದ್ದನ್ನೆಲ್ಲ ಕ್ಷೌರದಂಗಡೀಲಿ ಕೂತು ನೀನೇ ಕಟ್ಟಿದೆ. ನಾನು ನಿಜ ಹೇಳೋಕೆ ಹೋದ್ರೆ ಬಾವಿ ಹತ್ರದ ಹೆಂಗಸರು ‘ಪಾಪ, ಹಾಗೇ ಅಂದ್ಕೊಂಡು ಸಮಾಧಾನ ಮಾಡ್ಕೊ’ ಅಂದ್ರು. ಒಂದು ವರ್ಷದಿಂದ ರೋಗ ಬಂದೋಳಿಗೆ ಬಿಟ್ಟ ಹಾಗೆ ನನಗೆ ದಾರಿ ಬಿಡ್ತಿದ್ದಾರೆ.

ಲಾಂಪೋನ್: ಅಲ್ಲ, ಹೋದ ವರ್ಷದ ಹಬ್ಬದಲ್ಲಿ ಇವನ ನಾಟಕ ನೋಡಿ ನೀನೇ ಮೂರು ದಿನ ಮಂಕಾಗಿ ಕೂತಿದ್ದೆಯಲ್ಲ?

ಮೆಲಿತ್ತಾ: ಕೂತಿದ್ದೆ. ಸುಳ್ಳು ಯಾಕೆ ಹೇಳ್ಲಿ, ಮರುಳಾಗಿದ್ದೆ. ಆ ಮುಖವಾಡದ ಬಾಯಿಂದ ಬಂದ ದನಿಗೆ ಎದೆ ನಡುಗಿತ್ತು. ಆಮೇಲೆ ಮನೆಗೆ ಬಂದೋನು ಬೇರೆ. ಬೇಳೆಗೆ ಉಪ್ಪು ಜಾಸ್ತಿ, ಗಂಟಲಿಗೆ ಆಗಲ್ಲ ಅಂದ. ಜೇನು ಇಲ್ವಾ ಅಂದ. ಹೊತ್ತು ಮುಳುಗೋವರೆಗೂ ಉಳಿದ ನಟರು ಎಷ್ಟು ದಡ್ಡರು ಅಂತ ಹೇಳಿದ. ನನ್ನ ಹೆಸರನ್ನ ಒಂದು ಸಲನೂ ಕೇಳಲಿಲ್ಲ. ಬೇರೆ ಹೆಣ್ಣುಗಳಿಗೆ ದೇವರು ಗೂಳಿ ವೇಷ ಹಾಕ್ಕೊಂಡು ಬಂದು ಮೋಸ ಮಾಡಿದ. ನನಗೆ ಗೂಳಿನೇ ದೇವರ ವೇಷ ಹಾಕ್ಕೊಂಡು ಬಂತು.

ಇಷ್ಟು ದಿನ ಮೋಸಗಾರನೆಂದು ಬೈಸಿಕೊಂಡದ್ದು ಯಾಕೆಂದು ಲಾಂಪೋನ್ ಕೇಳಿದ. 

ಫೈದಿಮೋಸ್: ಕೈಬಿಟ್ಟ ಅಂದ್ರೆ ಜನ ಹೊಟ್ಟೆಕಿಚ್ಚು ಪಡ್ತಾರೆ. ಬೇಡ ಅನ್ನಿಸ್ಕೊಂಡ ಅಂದ್ರೆ ನಗ್ತಾರೆ. ಜೀಯಸ್ ಮಾಡೋನನ್ನ ನೋಡಿ ನಕ್ಕರೆ ಇನ್ನು ಯಾವ ಊರಿಗೂ ಕರೆಯಲ್ಲ.

ಲಾಂಪೋನ್: ಅದೂ ಸರಿ. ಮೆಲಿತ್ತಾ, ನಾನೂ ಊರೆಲ್ಲ ಹೇಳಿಬಿಟ್ಟಿದ್ದೀನಿ. ಈಗ ಇಲ್ಲ ಅಂದ್ರೆ ನನ್ನ ಮಾತಿಗೆ ಏನು ಬೆಲೆ? ಹೇಗೂ ಒಂದು ವರ್ಷ ಆಯ್ತು, ಹಾಗೇ ಇರ್ಲಿ ಬಿಡು.

ಮೆಲಿತ್ತಾ: ನಿಮ್ಮಿಬ್ಬರ ಮಾನ ಉಳಿಯೋಕೆ ನಾನು ಸಾಯೋವರೆಗೂ ಮೋಸ ಹೋದೋಳಾಗಿರ್ಬೇಕಾ? ನಾಳೆ ನಾಟಕದಲ್ಲಿ ಏನು ಮಾಡ್ತೀಯ ಫೈದಿಮೋಸ್? ಮರ್ಪೆಸ್ಸಾಳಿಗಾಗಿ ಅಪೋಲೋ ದೇವರೂ ಇಡಾಸ್ ಅನ್ನೋ ಮನುಷ್ಯನೂ ಹೊಡೆದಾಡ್ತಿರ್ತಾರೆ. ನೀನು ಮೇಲಿಂದ ಇಳಿದು ‘ಹೆಣ್ಣೇ, ನೀನೇ ಆರಿಸಿಕೋ’ ಅಂತೀಯ. ಅವಳು ದೇವರನ್ನ ಬಿಟ್ಟು ಮನುಷ್ಯನ್ನ ಆರಿಸ್ತಾಳೆ, ಮುದುಕಿ ಆದ್ಮೇಲೆ ದೇವರು ಬಿಟ್ಟುಹೋಗ್ತಾನೆ ಅಂತ. ಊರೆಲ್ಲ ಚಪ್ಪಾಳೆ ತಟ್ಟತ್ತೆ. ನಾನು ಆರಿಸಿದ್ದನ್ನ ಹೇಳೋಕೆ ಮಾತ್ರ ನಿನಗೆ ನಾಲಿಗೆ ಬರಲ್ಲ. ಮುಖವಾಡ ಹಾಕ್ಕೊ. ಅಲ್ಲಿಂದಲೇ ಊರಿಗೆ ಕೇಳೋ ಹಾಗೆ ಹೇಳು.

ಫೈದಿಮೋಸ್ ಲಾಂಪೋನನ ಮುಖ ನೋಡಿದ. ಅವನು ತಂಗಿಯ ಮುಖ ನೋಡಿ ಗೂಟದ ಗಂಟನ್ನು ಇನ್ನಷ್ಟು ಬಿಗಿಮಾಡಿದ. ಬೇರೆ ದಾರಿ ಕಾಣದೆ ಜೀಯಸ್ ಗಡ್ಡದ ಮುಖವನ್ನು ಕೆಳಕ್ಕೆಳೆದುಕೊಂಡ, ಎದೆ ತುಂಬ ಉಸಿರು ತೆಗೆದುಕೊಂಡ.

“ಕೇಳಿರಿ, ಥೋರಿಕೋಸಿನ ಜನರೇ. ಈ ಊರಿನ ಮೆಲಿತ್ತಾಳ ಬಾಗಿಲಲ್ಲಿ ನಿಂತು ನಾನು ಬೇಡಿದೆ. ಅವಳು ಒಲ್ಲೆನೆಂದಳು. ಅವಳನ್ನು ಯಾರೂ ತೊರೆದಿಲ್ಲ. ತೊರೆದವಳು ಅವಳು, ತೊರೆಸಿಕೊಂಡವನು ನಾನು.”

ಆ ದನಿ ಬೆಟ್ಟಕ್ಕೆ ತಾಕಿ ಊರಿನ ಮೇಲೆ ಹರಡಿತು. ಬಾವಿಯ ದಾರಿಯಲ್ಲಿ ಕೊಡ ಹೊತ್ತ ಹೆಂಗಸರು ನಿಂತುಬಿಟ್ಟರು. ಊಟಕ್ಕೆ ಹೋಗಿದ್ದ ಕವಿ ಕೈಯಲ್ಲಿ ರೊಟ್ಟಿ ಹಿಡಿದೇ ಓಡಿಬಂದ. ಇಷ್ಟು ಚೆನ್ನಾಗಿ ಇವನು ತಾಲೀಮಿನಲ್ಲಿ ಒಂದು ದಿನವೂ ಹೇಳಿರಲಿಲ್ಲ.

ಮೆಲಿತ್ತಾ ಹಾರಗಳನ್ನು ಎತ್ತಿಕೊಂಡಳು. ಆದರೆ ಹೊರಡಲಿಲ್ಲ. ಅವಳ ಕಣ್ಣು ಮೇಲೆಯೇ ಇತ್ತು, ಕೈ ಎದೆಯ ಮೇಲಿತ್ತು. ಲಾಂಪೋನನಿಗೆ ತಂಗಿಯ ಮೇಲೆ ಮೊದಲ ಸಲ ನಿಜವಾದ ಮರುಕ ಬಂತು. ಅವನು ಮೆಲ್ಲಗೆ ಗಂಟು ಸಡಿಲಿಸಿದ.

ಲಾಂಪೋನ್: ಹೇಳಿದ್ನಲ್ಲ ಪಾಪ. ಇಳಿಸಲಾ?

ಮೆಲಿತ್ತಾ: ಬೇಡ, ಸ್ವಲ್ಪ ಹೊತ್ತು ಅಲ್ಲೇ ಇರ್ಲಿ. ಇಳಿದ್ರೆ ಮತ್ತೆ ಅವನೇ ಆಗ್ಬಿಡ್ತಾನೆ.