ಸುಣ್ಣ ಬಳಿದ ಭೀಮ

ಎರಡು ಸಾಲು ಹತ್ತಿ ಬೆಳೆಯುವಷ್ಟು ಜಾಗಕ್ಕಾಗಿ ಸಗರದ ಬಸವಂತ್ರಾಯ ಶಹಾಪುರದ ಕೋರ್ಟಿಗೆ ವರ್ಷಗಟ್ಟಲೆ ಅಲೆದಿದ್ದ. ಕೋರ್ಟಿನೆದುರಿನ ಚಹಾದಂಗಡಿಯವನು ಈಗ ಅವನನ್ನು ಬೀಗರ ಹಾಗೆ ಮಾತಾಡಿಸುತ್ತಿದ್ದ. ಜಾಗ ಸಣ್ಣದೇ. ಆದರೆ ಅದು ಕೈಬಿಟ್ಟರೆ ಟ್ರ್ಯಾಕ್ಟರಿಗೆ ಅವನ ಹೊಲದೊಳಗೆ ದಾರಿಯಿಲ್ಲ. ಬೆಳೆದ ಹತ್ತಿಯನ್ನೆಲ್ಲ ತಲೆಯ ಮೇಲೆ ಹೊತ್ತು ರಸ್ತೆಗೆ ತರಬೇಕು. ಎರಡು ಹೊಲಗಳ ನಡುವಿನ ಬಾಂದಗಲ್ಲನ್ನು ಪಕ್ಕದ ಯಂಕಣ್ಣ ಕಿತ್ತೆಸೆದು, ಆ ಜಾಗವನ್ನು ಉತ್ತುಕೊಂಡಿದ್ದಾನೆ ಎಂಬುದು ಅವನ ದಾವೆ. ಕಲ್ಲನ್ನು ನಾನು ಮುಟ್ಟಿಯೇ ಇಲ್ಲ ಎಂಬುದು ಯಂಕಣ್ಣನ ಜವಾಬು.

ಕೊನೆಗೂ ಸ್ಥಳ ನೋಡಿ ವರದಿ ಕೊಡಲು ಕೋರ್ಟು ಅನುರಾಧಾ ಎಂಬ ವಕೀಲೆಯನ್ನು ಕಮಿಷನರ್ ಮಾಡಿ ಕಳಿಸಿತು. ಅವರು ಸರ್ವೆಯರನೊಂದಿಗೆ ಜೀಪಿನಲ್ಲಿ ಬಂದಿಳಿದ ದಿನವೇ ಎಳ್ಳಮಾಸಿ ಹಬ್ಬ. ಅಂದು ಹೊಲದಲ್ಲಿ ಐದು ಕಲ್ಲಿಟ್ಟು, ಸುಣ್ಣ ಬಳಿದು, ಪಾಂಡವರೆಂದು ಪೂಜೆ ಮಾಡಿ, ಎಡೆಯ ಅನ್ನವನ್ನು ಬೆಳೆಗೆಲ್ಲ ಚರಗವೆಂದು ಚೆಲ್ಲಿ ಉಣ್ಣುವುದು ಪದ್ಧತಿ. ಹಾಗಾಗಿ ಊರಿಗೆ ಊರೇ ಹೊಲದಲ್ಲಿತ್ತು. ಸಲಹೆ ಕೊಡುವವರಿಗೆ ಕೊರತೆಯಿರಲಿಲ್ಲ.

"ಮೇಡಮ್ಮೋರೆ, ಮೊದ್ಲ ಸಜ್ಜಿ ಕಡಬು ತಿನ್ರಿ" ಎಂದ ಬಸವಂತ್ರಾಯ.

"ಅವ್ನ ಕಡಬು ತಿಂದ್ರ ನಮ್ಮ ಭಜ್ಜಿನೂ ಉಣ್ಣಬೇಕ್ರಿ. ಇಲ್ಲಂದ್ರ ನ್ಯಾಯ ಆಗಂಗಿಲ್ಲ" ಎಂದ ಯಂಕಣ್ಣ.

"ನಾನು ಯಾರ ಕಡಿದೂ ಉಣ್ಣಂಗಿಲ್ಲ" ಎಂದರು ಅನುರಾಧಾ.

ಆಚೆ ಹೊಲದ ದೇವಕಮ್ಮ ಸೊಂಟಕ್ಕೆ ಕೈಯಿಟ್ಟು ಬಂದಳು. "ಹಬ್ಬದ ದಿನ ಉಪಾಸ ಇರ್ತೀರೇನು? ನಂದ್ಯಾವ ಕೇಸೂ ಇಲ್ರಿ. ನಮ್ಮ ಹೊಲಕ್ಕ ಬರ್ರಿ." ಕೋರ್ಟಿನ ಆದೇಶದಲ್ಲಿ ದೇವಕಮ್ಮನ ಬಗ್ಗೆ ಏನೂ ಇರಲಿಲ್ಲವಾದ್ದರಿಂದ ಕಮಿಷನರ್ ಅಲ್ಲಿ ಹೊಟ್ಟೆ ತುಂಬ ಉಂಡರು.

ಆಮೇಲೆ ಅಳತೆ. ಸರ್ವೆಯರ್ ದೂರದ ಕಲ್ಲುಗಳಿಂದ ಸರಪಳಿ ಎಳೆದು, ನಕ್ಷೆ ತಿರುಗಿಸಿ ನೋಡಿ, ಯಂಕಣ್ಣನ ಹತ್ತಿಯೊಳಗೆ ಒಂದು ಗೂಟ ಹೊಡೆದ. "ಬಾಂದಗಲ್ಲು ಇಲ್ಲಿ ಇರಬೇಕ್ರಿ."

ಎರಡೂ ಸಾಲು ಬಸವಂತ್ರಾಯನದೇ! ಅವನಿಗೆ ಕುಣಿಯುವಷ್ಟು ಖುಷಿಯಾಯಿತು. ಆದರೆ ಅಲ್ಲಿಗೇ ಸುಮ್ಮನಿರಲಿಲ್ಲ. ತನ್ನ ವಕೀಲ ಅರುಣಕುಮಾರನ ಕಡೆ ತಿರುಗಿ, ಎಲ್ಲರಿಗೂ ಕೇಳುವ ಹಾಗೆ, "ಸರಕಾರಿ ಕಲ್ಲ ಕಿತ್ತವಗ ಶಿಕ್ಷಾ ಏನ್ರಿ?" ಎಂದ.

"ಜೇಲೂ ಆಗಬಹುದು."

"ಬರ್ಕೋರಿ ಮೇಡಮ್ಮೋರೆ. ಕಿತ್ತವ್ರು ಯಾರ ಇರ್ಲಿ, ಬಿಡಬ್ಯಾಡ್ರಿ."

ಯಂಕಣ್ಣ ತಲೆಯ ಮೇಲಿನ ಟವೆಲ್ ತೆಗೆದು ಮುಖ ಒರೆಸಿಕೊಂಡ. ಗೆದ್ದ ಹುರುಪಿನಲ್ಲಿ ಬಸವಂತ್ರಾಯ ಎಲ್ಲರನ್ನೂ ತನ್ನ ಬನ್ನಿಗಿಡದ ಕೆಳಗೆ ಕರೆದೊಯ್ದ. ಅವನ ಹೆಂಡತಿ ಮರಿಲಿಂಗಮ್ಮ ಅಲ್ಲಿ ಪಾಂಡವರಿಗೆ ಎಡೆ ಹಿಡಿದಿದ್ದಳು.

"ಕೈ ಮುಗೀರಿ. ಈ ನಡುವಿನ ದೊಡ್ಡಾಂವ ಭೀಮ. ಕಳದ ಕಲ್ಲ ಸಿಗ್ಲಿ ಅಂತ ವರ್ಷಾ ವರ್ಷಾ ಇವಗ ಅಡ್ಡ ಬೀಳ್ತೀನ್ರಿ."

ಸರ್ವೆಯರ್ ಭಕ್ತಿಯಿಂದ ಬಗ್ಗಿದ. ಬಗ್ಗಿದವನು ಏಳಲಿಲ್ಲ. ಭೀಮನ ತಲೆಯ ಮೇಲಿನ ಸುಣ್ಣವನ್ನು ಹೆಬ್ಬೆರಳಿನಿಂದ ಉಜ್ಜಿದ.

"ಬಸವಂತ್ರಾಯರ, ನಿಮ್ಮ ಭೀಮನ ತಲಿ ಮ್ಯಾಲ ಸರ್ವೆ ಗುರ್ತು ಅದ ನೋಡ್ರಿ."

ಬಸವಂತ್ರಾಯ ಹೆಂಡತಿಯ ಮುಖ ನೋಡಿದ.

"ಒಂದ್ ವರ್ಷ ಐದು ಕಲ್ಲೂ ಒಂದಾ ಅಳತಿ ಆಗಿದ್ವು" ಎಂದಳು ಮರಿಲಿಂಗಮ್ಮ, ಅಡುಗೆಯ ವಿಷಯ ಹೇಳುವಷ್ಟೇ ಸಾವಕಾಶವಾಗಿ. "ಭೀಮ ದೊಡ್ಡಾಂವ ಇರಬೇಕಲ್ಲ? ಬದುವಿನ ಮ್ಯಾಗ ಒಂದು ವಾಲಿ ನಿಂತಿತ್ತು. ಕಿತ್ಕೊಂಡ ಬಂದೆ."

"ಇಷ್ಟು ವರ್ಷ ಕಲ್ಲ ಕಲ್ಲ ಅಂತ ಬಡ್ಕೊಂಡ್ನಲ್ಲ, ಹೇಳಬಾರ್ದೇನ?"

"ನೀವು ಬಾಂದಗಲ್ಲ ಕಳದಾದ ಅಂದ್ರಿ. ಇಂವ ಭೀಮ."

ಕಮಿಷನರ್ ಪೆನ್ನು ತೆಗೆದರು. ಅರುಣಕುಮಾರ ಕಕ್ಷಿದಾರನನ್ನು ಜಾಲಿಗಿಡದ ಮರೆಗೆ ಎಳೆದುಕೊಂಡು ಹೋದ. "ಕಲ್ಲ ಕಿತ್ತವ್ರ ಮ್ಯಾಲ ಯಂಕಣ್ಣ ಫಿರ್ಯಾದಿ ಕೊಟ್ರ ಮರಿಲಿಂಗಮ್ಮೋರು ಠಾಣಿ ಹತ್ತಬೇಕಾಗ್ತದ. ಜೇಲು ಕೇಳಿದವ್ರು ನೀವಾ. ರಾಜಿ ಆಗಿಬಿಡ್ರಿ."

ಯಂಕಣ್ಣ ದೊಡ್ಡ ಮನಸ್ಸು ಮಾಡಿದ. "ತಂಗಿ ಇದ್ದಂಗ ಇರೋ ಮರಿಲಿಂಗಮ್ಮನ್ನ ಠಾಣಿ ಹತ್ತಸೋ ಮಂದಿ ಅಲ್ಲ ನಾವು. ಫಿರ್ಯಾದಿ ಕೊಡಂಗಿಲ್ಲ. ಆ ಎರಡು ಸಾಲು ನನಗ ಬಿಟ್ಟೀನಂತ ರಾಜಿ ಬರ್ಕೊಡ್ಲಿ, ಮುಗೀತು."

"ಟ್ರ್ಯಾಕ್ಟರ್ ಹೆಂಗ ಬರ್ಬೇಕೋ?"

"ಭೀಮ ಅದಾನಲ್ಲ, ಹೊರ್ತಾನ" ಎಂದಳು ದೇವಕಮ್ಮ. ಯಾರೂ ನಗಲಿಲ್ಲ, ಎಲ್ಲರ ಬಾಯಲ್ಲೂ ಕಡಬು ಇತ್ತು.

ಜೀಪಿನ ಬಾನೆಟ್ಟಿನ ಮೇಲೆ ಬಸವಂತ್ರಾಯ ರಾಜಿಗೆ ಸಹಿ ಹಾಕಿದ. ಭೀಮನನ್ನು ಕಿತ್ತು ಬದುವಿಗೆ ಹುಗಿಯಲು ಮರಿಲಿಂಗಮ್ಮ ಬಿಡಲಿಲ್ಲ. ಪೂಜೆಗೊಂಡ ದೇವರನ್ನು ಮುಟ್ಟಲು ಸರ್ವೆಯರನಿಗೂ ಧೈರ್ಯವಿರಲಿಲ್ಲ. ಯಂಕಣ್ಣ ತೋರಿಸಿದಲ್ಲಿ ಬೇರೊಂದು ಕಲ್ಲು ನಿಂತಿತು. ಜೀಪು ಹೋಯಿತು, ಜನ ಚದುರಿದರು.

ಬಸವಂತ್ರಾಯ ಬಿಡಿಸಿ ತುಂಬಿಟ್ಟ ಹತ್ತಿಯ ಅಂಡಿಗೆಗಳನ್ನೊಮ್ಮೆ, ದೂರದ ರಸ್ತೆಯನ್ನೊಮ್ಮೆ ನೋಡಿದ. ಮರಿಲಿಂಗಮ್ಮ ಅವನ ಕೈಗೆ ಊದಿನಕಡ್ಡಿ ಕೊಟ್ಟಳು.

"ಕೈ ಮುಗೀರಿ. ಕಲ್ಲ ಸಿಗ್ಲಿ ಅಂತ ಬೇಡಿದ್ರಿ, ಕೊಟ್ಟಾನಲ್ಲ."

ಬಸವಂತ್ರಾಯ ಕೈ ಮುಗಿದ. ಈ ಸಲ ಏನನ್ನೂ ಬೇಡಿಕೊಳ್ಳಲಿಲ್ಲ.