ಹಳದಿ ಟೋಪಿಯ ಹಿಂದೆ ಲಿಂಗರಾಜು

ಮಗಳನ್ನು ಅಳಿಸದೆ ಮಹಾನ್ ಸಿನಿಮಾ ಆಗುವುದಿಲ್ಲ ಎಂಬ ಜ್ಞಾನೋದಯ ಲಿಂಗರಾಜುವಿಗೆ ಆದದ್ದು ನಿಶಿ ಕಸಾಯಿ ಬಡಾವಣೆಯ ಬಾಡಿಗೆ ಮನೆಯಲ್ಲಿ, ಸಾರನ್ನ ಕಲಸುವಾಗ. ಇಸವಿ ಎರಡು ಸಾವಿರಕ್ಕೆ ಕಂಪ್ಯೂಟರುಗಳೆಲ್ಲ ಕೆಡುತ್ತವೆಂಬ ವೈಟೂಕೆ ಭೂತ ಬಿಡಿಸಲು ಕಂಪನಿ ಅವನನ್ನು ಬೆಂಗಳೂರಿನಿಂದ ತಂದು ಟೋಕಿಯೋದಲ್ಲಿ ಕೂರಿಸಿತ್ತು. ಆ ಭೂತ ಬಿಡುವ ಮೊದಲೇ ಇನ್ನೊಂದು ಮೆಟ್ಟಿಕೊಂಡಿತು: ಆಫೀಸಿನವರ ಜೊತೆ ನೋಡಿದ ಇರಾನಿ ನಿರ್ದೇಶಕನೊಬ್ಬನ ಸಿನಿಮಾ.

"ಫೈಟಿಲ್ಲ, ಸಾಂಗಿಲ್ಲ, ಆಕ್ಟರೇ ಇಲ್ಲ ಭಾನು! ಒಂದು ಮಗು ಬೀದೀಲಿ ಏನೋ ಹುಡುಕ್ಕೊಂಡು ಹೋಗತ್ತೆ. ಕ್ಯಾಮೆರಾ ದೂರದಿಂದ ಸುಮ್ನೆ ನೋಡ್ತಾ ಇರತ್ತೆ, ಕಟ್ಟೇ ಮಾಡಲ್ಲ. ಕಣ್ಣಲ್ಲಿ ನೀರು ಬಂತು ಕಣೇ."

"ಮೊನ್ನೆ ನಮ್ಮ ಮಗು ಜ್ವರ ಬಂದು ಅಳ್ತಿದ್ದಾಗ ನಿಮಗೆ ನಿದ್ದೆ ಬಂದಿತ್ತಲ್ಲಾ," ಎಂದಳು ಹೆಂಡತಿ ಭಾನುಮತಿ. "ಅಂಥ ಸಿನಿಮಾ ತೆಗೀತೀನಿ ಅಂತ ನಮ್ಮ ಸಾಹಿತ್ಯನ ತಂಟೆಗೆ ಹೋದ್ರೆ ನಿಮ್ಮ ಕ್ಯಾಮೆರಾನ ಬಾಲ್ಕನಿಯಿಂದ ಒಂದೇ ಶಾಟಲ್ಲಿ ಕೆಳಗೆ ಕಳಿಸ್ತೀನಿ. ನಾನೂ ಕಟ್ ಮಾಡಲ್ಲ."

ಶನಿವಾರ ಆಕೆ ಜಪಾನಿ ಕ್ಲಾಸಿಗೆ ಹೋದದ್ದೇ ತಡ, ಅರ್ಧ ದಿನದ ಶಾಲೆ ಮುಗಿಸಿ ಹಳದಿ ಟೋಪಿಯಲ್ಲೇ ಬಂದ ಏಳು ವರ್ಷದ ಮಗಳನ್ನು ಲಿಂಗರಾಜು ಬಾಗಿಲಲ್ಲೇ ಹಿಡಿದ.

"ಪುಟ್ಟಾ, ರೈಲ್ವೆ ಸ್ಟೇಷನ್ ಹಿಂದೆ ತೋಫು ಅಂಗಡಿ ಇದೆ. ಒಬ್ಬಳೇ ಹೋಗಿ ತರ್ತೀಯಾ? ಅಪ್ಪ ಮನೇಲೇ ಇರ್ತೀನಿ."

"ಹೊಂತೋ? ನಿಜವಾಗ್ಲೂ?" ಎಂದಿತು ಮಗು.

ಸ್ಟೇಷನ್ ಹಿಂದೆ ಅಂಥ ಅಂಗಡಿ ಇರಲಿಲ್ಲ. ಅದು ಅವನಿಗೆ ಗೊತ್ತಿತ್ತು. ಇಲ್ಲದ ಅಂಗಡಿ ಹುಡುಕುವ ಮುಖದಲ್ಲಿ ಮೆಲ್ಲಗೆ ಭಯ ಮೂಡಬೇಕು, ಅದನ್ನು ರಸ್ತೆಯ ಆಚೆಯಿಂದ ತಾನು ಹಿಡಿಯಬೇಕು. (ಆ ಇರಾನಿನವನು ಮಗುವಿನ ಪುಟ್ಟ ಕಷ್ಟದ ಮುಂದೆ ತಾಳ್ಮೆಯಿಂದ ಕಾದು ಕೂತವನು. ಕಷ್ಟ ತಯಾರಿಸಿ ಮಗುವಿನ ಕೈಗೆ ಕೊಡುವುದು ನಮ್ಮವನ ಸ್ವಂತ ಸಂಶೋಧನೆ. ನಮ್ಮ ಗಂಡಸರಿಗೆ ಕಲೆ ಎಂದರೆ ಮನೆಯವರನ್ನು ಗೋಳು ಹೊಯ್ದುಕೊಳ್ಳಲು ಸಿಕ್ಕ ಪರವಾನಗಿ!)

ಹಳದಿ ಟೋಪಿ ನಡೆಯಿತು. ಕ್ಯಾಮೆರಾಕ್ಕೆ ಕಣ್ಣು ಅಂಟಿಸಿಕೊಂಡು ಲಿಂಗರಾಜು ಕಂಬದಿಂದ ಕಂಬಕ್ಕೆ ಹಾರಿದ. ನಡುವೆ ಒಂದು ಲಾರಿ ಅಡ್ಡ ಬಂತು. ಲಾರಿ ಸರಿದ ಮೇಲೆ ಟೋಪಿ ಮತ್ತೆ ಕಂಡಿತು. ಆಹಾ, ಎಂಥ ಏಕಾಂತ, ಎಂಥ ಮೌನ ಎಂದುಕೊಂಡು ಗಲ್ಲಿ, ಪಾರ್ಕು, ಮತ್ತೊಂದು ಗಲ್ಲಿ ಸುತ್ತಿದ. ಕಡೆಗೆ ಟೋಪಿ ಹಿಂದಿರುಗಿ ನೋಡಿತು.

ಅದು ಸಾಹಿತ್ಯಳ ಮುಖವಲ್ಲ.

ಕಣ್ಣನ್ನು ಕ್ಯಾಮೆರಾದಿಂದ ಆಚೆ ತೆಗೆದು ನೋಡಿದರೆ ಬೀದಿ ತುಂಬಾ ಹಳದಿ ಟೋಪಿಗಳು! ಶಾಲೆ ಬಿಟ್ಟ ಮಕ್ಕಳಿಗೆಲ್ಲ ಅದೇ ಟೋಪಿ. "ಸಾಹಿತ್ಯಾ!" ಎಂದು ಕೂಗುತ್ತಾ ಒಂದೊಂದೇ ಟೋಪಿಯ ಕೆಳಗೆ ಬಗ್ಗಿ ಬಗ್ಗಿ ನೋಡಿದ. ಮಕ್ಕಳು ಚೀರಿದವು. ರೈಲಿನ ಸದ್ದು ಕೇಳಿದಾಗಲೆಲ್ಲ ಸ್ಟೇಷನ್ ಕಡೆ ಓಡಿ ನೋಡಿ ಬಂದ. ರಸ್ತೆ ದಾಟುವಾಗ ಏನಾದರೂ ಆಗಿದ್ದರೆ? ಯಾರಾದರೂ ಕರೆದುಕೊಂಡು ಹೋಗಿದ್ದರೆ? ಹೋಗು ಎಂದು ಕಳಿಸಿದವನು ತಾನೇ ಅಲ್ಲವೇ? ಬೀದಿಯಲ್ಲೇ ಗಳಗಳ ಅತ್ತ.

ಅಷ್ಟರಲ್ಲಿ ಆ ಇನ್ನೊಂದು ಹುಡುಗಿಯ ಅಜ್ಜಿ, ಮೊಮ್ಮಗಳ ಹಿಂದೆ ಕ್ಯಾಮೆರಾ ಹಿಡಿದು ಬಂದ ಗಂಡಸಿನ ಬಗ್ಗೆ ದೂರು ಕೊಟ್ಟಾಗಿತ್ತು. ಪೊಲೀಸಿನವನೊಬ್ಬ ಬಂದು ಬಹಳ ಮರ್ಯಾದೆಯಿಂದ ತೋಳು ಹಿಡಿದು ಮೂಲೆಯ ಚೌಕಿಗೆ ಕರೆದೊಯ್ದ.

ಅಲ್ಲಿ ಸಾಹಿತ್ಯ ಕಾಲಾಡಿಸುತ್ತಾ ಪೆಪ್ಪರ್‌ಮೆಂಟು ಚೀಪುತ್ತಿದ್ದಳು. ದಾರಿ ತಿಳಿಯದಿದ್ದರೆ ಪೊಲೀಸರನ್ನು ಕೇಳು ಎಂದು ಶಾಲೆಯಲ್ಲಿ ಹೇಳಿಕೊಟ್ಟಿದ್ದರು. ಕೇಳಿದ್ದಳು. ಅಂಥ ಅಂಗಡಿಯೇ ಇಲ್ಲವೆಂದು ಅವರು ಹೇಳಿ, ಮನೆಯ ಫೋನು ಯಾರೂ ಎತ್ತದ್ದರಿಂದ ಅಮ್ಮನ ಕ್ಲಾಸಿಗೆ ಫೋನೂ ಮಾಡಿದ್ದರು.

"ಪುಟ್ಟಾ!" ಲಿಂಗರಾಜು ಓಡಿದ. ಪೊಲೀಸಿನವನು ತಡೆದು ಮಗುವನ್ನು ಕೇಳಿದ: "ಇವರು ನಿನ್ನ ಅಪ್ಪನಾ?"

ಸಾಹಿತ್ಯ ಅವನ ಕೊರಳಲ್ಲಿದ್ದ ಕ್ಯಾಮೆರಾ ನೋಡಿದಳು, ಒದ್ದೆ ಮುಖ ನೋಡಿದಳು. "ಅಂಗಡಿ ಇಲ್ಲ ಅಂತ ಗೊತ್ತಿದ್ದೂ ಕಳಿಸಿದ್ರಾ ಅಪ್ಪಾ?" ಎಂದು ಕನ್ನಡದಲ್ಲಿ ಕೇಳಿದಳು. ಅವನು ತಲೆ ತಗ್ಗಿಸಿದ. ಸಾಹಿತ್ಯ ಪೆಪ್ಪರ್‌ಮೆಂಟನ್ನು ಕಟುಮ್ಮೆಂದು ಕಡಿದು ನುಂಗಿ, ಅಚ್ಚ ಜಪಾನಿಯಲ್ಲಿ ಪೊಲೀಸಿನವನಿಗೆ ಹೇಳಿದಳು: "ಹೌದು, ಅಪ್ಪನೇ. ಆದ್ರೆ ಅಮ್ಮ ಬರೋವರೆಗೂ ಬಿಡಬೇಡಿ."

ಹೊರಗೆ ಸೈಕಲ್ ಬ್ರೇಕು ಕಿರ್ರೆಂದಿತು. "ರೀ..." ಎಂಬ ಒಂದೇ ಅಕ್ಷರ ಒಳಗೆ ಬಂತು.

ಲಿಂಗರಾಜು ಪೊಲೀಸಿನವನ ಕಡೆ ತಿರುಗಿ, ತನಗೆ ಬರುತ್ತಿದ್ದಷ್ಟೂ ಜಪಾನಿಯನ್ನು ಒಟ್ಟುಗೂಡಿಸಿ, ಇಲ್ಲಿ ಲಾಕಪ್ ಇದೆಯೇ ಎಂದು ವಿಚಾರಿಸಿದ.