ಅಧ್ಯಕ್ಷರು ಕೊಂಡ ಪೇಪರು

ಊರವರ ರೊಕ್ಕ ನುಂಗಿದವರ ಸುದ್ದಿ ಬರಿಯೋದು ನನ್ನ ಕಸುಬು. ಇದರಾಗ ಸಿಟ್ಟು ಬರದ ದಿನ ಇಲ್ಲ, ನಗು ಬರದ ವಾರಾನೂ ಇಲ್ಲ. ಕೊಟ್ಟೂರಿನ ಒಂದು ಉಳಿತಾಯ ಸಂಘದ ಕಥೀನೇ ಕೇಳ್ರಿ. ಬಸ್‌ಸ್ಟ್ಯಾಂಡ್ ಹತ್ರ ಮಿರ್ಚಿ ಕರಿಯೋ ಅಕ್ಕ ಮಗಳ ನರ್ಸಿಂಗ್ ಓದಿಗಂತ ವರ್ಷಗಟ್ಟಲೆ ಅಲ್ಲಿ ರೊಕ್ಕ ಕಟ್ಟಿದ್ಳು. ಫೀ ಕಟ್ಟೋ ಹೊತ್ತಿಗೆ ಅಧ್ಯಕ್ಷ, "ನಾಳಿ ಬಾರವ್ವಾ" ಅನ್ನಾಕ ಹತ್ತಿದ. ನಾ ದಾಖಲೆ ತಗಿಸಿ ನೋಡಿದ್ರ, ಸಂಘ ಕೊಟ್ಟ ಸಾಲ ಎಲ್ಲಾ ಅವನ ಹೆಂಡ್ತಿ, ಅಳಿಯ, ಬೀಗರ ಹೆಸರಿಗೆ! ಮೈಯೆಲ್ಲಾ ಉರಿದುಹೋತು.

೧. ಶಾಲು

"ರೊಕ್ಕ ಎಲ್ಲೈತ್ರಿ?" ಅಂತ ಕೇಳಾಕ ಸಂಘಕ್ಕ ಹೋದೆ. ಅಧ್ಯಕ್ಷ ಬಾಯಿ ಬಿಡೋ ಬದಲು ನನಗ ಶಾಲು ಹೊದಿಸಿದ, ಹಾರ ಹಾಕಿದ, ಫೋಟೊ ತಗಿಸಿದ.

"ನಿಮ್ಮಂಥ ದಿಟ್ಟ ಪತ್ರಕರ್ತರಿಗೆ ಸನ್ಮಾನ ಮಾಡದಿದ್ರ ಹೆಂಗ್ರಿ!"

"ನಿಮ್ಮ ಮ್ಯಾಲೇ ಬರಿಯಾಕ ಬಂದೀನ್ರಿ."

ಅವನ ಮುಖ ಕಪ್ಪಿಟ್ಟಿತು. "ಹಂಗಾದ್ರ ಶಾಲು ತಗೀರಿ. ನಾಳಿ ಇನ್ನೊಬ್ರಿಗೆ ಹೊದಿಸೋದೈತಿ."

೨. ಗಂಟಿ

ಸಾಕ್ಷಿ ಬೇಕಲ್ಲ? ಕಾನಹೊಸಹಳ್ಳಿ ಕಡೆ ಒಂದು ಹಳ್ಳಿಗೆ ಹೋದೆ. ಕುರಿ ಮಾರಿದ ರೊಕ್ಕ ಅದೇ ಸಂಘದಾಗ ಇಟ್ಟಿದ್ದ ಅಜ್ಜ ಗುಡಿ ಕಟ್ಟಿ ಮ್ಯಾಲೆ ಕುಂತಿದ್ದ.

"ನಾ ಒಲ್ಲೆಪ್ಪ. ಅವ ದೊಡ್ಡ ಮನುಷ್ಯ. ನಮ್ಮ ದೇವ್ರಿಗೆ ಗಂಟಿ ಕೊಟ್ಟಾನ."

"ಅಜ್ಜಾ, ಅದು ನಿನ್ನ ರೊಕ್ಕದ ಗಂಟಿ!" ತಡಿಲಾರದ ಕೂಗೇಬಿಟ್ಟೆ.

ಅಜ್ಜ ಗಂಟಿ ಕಡೆ ಒಮ್ಮೆ ನೋಡಿದ. ನನ್ನ ಸಾಕ್ಷಿ ಕಾಗದಕ್ಕ ಹೆಬ್ಬೆಟ್ಟು ಒತ್ತಿದ. ಆಮೇಲೆ ಎದ್ದು ಹೋಗಿ ಗಂಟೀನ ಬಿಡದಂಗ ಬಾರಿಸಿದ.

"ಬಡ್ಡಿನಾದ್ರೂ ವಸೂಲಾಗ್ಲಿ!"

೩. ರದ್ದಿ

ಸುದ್ದಿ ಮುಖಪುಟಕ್ಕ ಬಂತು. ಬೆಳಿಗ್ಗೆ ನೋಡಿದ್ರ ಊರಾಗ ಒಂದೂ ಪ್ರತಿ ಇಲ್ಲ! ಪೇಪರ್ ಏಜೆಂಟ್ ಖುಷಿಯಿಂದ ನನ್ನ ಕೈ ಹಿಡಕೊಂಡ.

"ಸರ್, ಅಧ್ಯಕ್ಷರ ಕಡೆಯೋರು ಅಷ್ಟೂ ಬಂಡಲ್ ಕೊಂಡು ಹೋದ್ರು. ನಾಳಿನೂ ಅವರ ಮ್ಯಾಲೇ ಬರೀರಿ!"

ಥೂ ಅವನ! ತಿಂಗಳುಗಟ್ಟಲೆ ತಿರುಗಿದ್ದು ನೀರಾಗ ಹೋಮ ಮಾಡಿದಂಗಾತು. ಸಂಜಿಗೆ ಮಿರ್ಚಿ ಅಕ್ಕನ ಮುಂದ ತಲಿ ತಗ್ಗಿಸಿ ನಿಂತೆ. ಆಕಿ ನಕ್ಕೋತ ಒಂದು ಪೊಟ್ಟಣ ಕೊಟ್ಟಳು. ಎಣ್ಣಿ ಹತ್ತಿದ ಹಾಳ್ಯಾಗ ನನ್ನ ಸುದ್ದಿ!

ಆ ಜುಗ್ಗ ಅಧ್ಯಕ್ಷ, ಕೊಂಡ ಪೇಪರ್ ಸುಡಾಕ ಮನಸ್ಸು ಬರದ, ತೂಕಕ್ಕ ಹಾಕಿ ರದ್ದಿ ಅಂಗಡಿಗೆ ಮಾರಿದ್ದ. ಅಲ್ಲಿಂದ ಅಕ್ಕ ಪೂರಾ ಎತ್ತಿಕೊಂಡು ಬಂದಿದ್ಳು. ಮಿರ್ಚಿ ತಗೊಂಡವರೆಲ್ಲಾ ಪೊಟ್ಟಣ ಬಿಡಿಸಿ, ನಿಂತಲ್ಲೇ ಜೋರಾಗಿ ಓದಾಕ ಹತ್ತಿದ್ರು. ಓದಿದವರು ಸೀದಾ ಸಂಘದ ಬಾಗಿಲಿಗೆ ಹೋದ್ರು.

ಸ್ವಲ್ಪ ಹೊತ್ತಿಗೆ ಅಧ್ಯಕ್ಷ ಹಿತ್ತಲ ಬಾಗಿಲಿಂದ ಓಡಿ ಬಂದ. ಕೈಯಾಗ ಅಕ್ಕನ ಪೂರಾ ರೊಕ್ಕ.

"ಇದನ್ನ ತಗೋ ಯವ್ವಾ, ಉಳಿದ ಪೇಪರ್ ಕೊಡು!"

ಅಕ್ಕ ಎಣಿಸಿ ಸೆರಗಿಗೆ ಗಂಟು ಹಾಕಿಕೊಂಡಳು. ಬಾಣಲಿಗೆ ನಾಲ್ಕು ಮಿರ್ಚಿ ಬಿಟ್ಟಳು.

"ಪೇಪರ್‌ಗ ನಾಳಿ ಬಾರಪ್ಪಾ."